ಒಂದೇ ಆಟ, ಮನೆ ತುಂಬ ಮಕ್ಕಳು

ದಸರಾ ರಜೆ ಮುಗಿದ ಮೇಲೆ ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ವಿಷಯ ಹಿಡಿದು ಬಂದಿವೆ. ರಜೆಗೆಂದು ಸೇರಿದ್ದ ಚಿಕ್ಕಪ್ಪ, ದೊಡ್ಡಪ್ಪ, ಅತ್ತೆಯರ ಮಕ್ಕಳೆಲ್ಲ ಒಂದೇ ಟೀವಿ ಮುಂದೆ ಕೂತು ಆಡಿದರು. ಈಗ ಅವರವರ ಊರು ಸೇರಿದ್ದಾರೆ, ಆಟ ಮಾತ್ರ ಯಾರೋ ಒಬ್ಬರ ಖಾತೆಯಲ್ಲಿ ಉಳಿದಿದೆ. ತುಮಕೂರಿನ ಬಿ.ಎಚ್. ರಸ್ತೆಯ ನಮ್ಮ ಕಂಪ್ಯೂಟರ್ ರಿಪೇರಿ ಅಂಗಡಿಗೆ ಬರುವವರೂ ಇದನ್ನೇ ಕೇಳುತ್ತಿದ್ದಾರೆ. ಹಾಗಾಗಿ ಈ ಸಂಚಿಕೆಯ ಅಂಕಣ ಪೂರ್ತಿ ಇದಕ್ಕೇ ಮೀಸಲು.

ಅಕ್ಕಾ, ನಾನು ಬಿ.ಕಾಂ. ಓದ್ತಿದ್ದೀನಿ. ಕಂಪ್ಯೂಟರಲ್ಲಿ ಸ್ಟೀಮ್ ಅನ್ನೋ ಆನ್‌ಲೈನ್ ಆಟದ ಅಂಗಡಿ ಮೂಲಕ ಆಟ ಕೊಂಡಿದ್ದೀನಿ. ನನ್ನ ಪಾಸ್‌ವರ್ಡ್ ತಮ್ಮನಿಗೆ ಕೊಟ್ಟಿದ್ದೆ. ಅವನು ಆಡೋಕೆ ಕೂತ ತಕ್ಷಣ ನಾನು ಆಟದಿಂದ ಆಚೆ ಬೀಳ್ತೀನಿ. ಈಗ ಬೆಂಗಳೂರಲ್ಲಿರೋ ದೊಡ್ಡಮ್ಮನ ಮಗನೂ ಪಾಸ್‌ವರ್ಡ್ ಕೇಳ್ತಿದ್ದಾನೆ. ಕೊಡ್ಲಾ?
— ಓದುಗ, ತಿಪಟೂರು

ಕೊಡಬೇಡ ತಮ್ಮಾ. ನಿನ್ನ ತಮ್ಮನ ಹತ್ತಿರ ಇರುವುದನ್ನೂ ಇವತ್ತೇ ಬದಲಾಯಿಸಿಬಿಡು. ಅವನ ಮೇಲೆ ಅನುಮಾನ ಪಟ್ಟು ಹೇಳುತ್ತಿಲ್ಲ. ಅವನು ಆಡಲು ಪಾಸ್‌ವರ್ಡ್ ಬೇಕಾಗಿಯೇ ಇಲ್ಲ, ಅದಕ್ಕೆ.

ಸ್ಟೀಮ್‌ನಲ್ಲಿ 'ಸ್ಟೀಮ್ ಫ್ಯಾಮಿಲೀಸ್' ಅನ್ನುವ ವ್ಯವಸ್ಥೆ ಇದೆ. 2024ರ ಸೆಪ್ಟೆಂಬರಿನಿಂದ ಎಲ್ಲರಿಗೂ ಸಿಗುತ್ತಿದೆ. ಸೆಟ್ಟಿಂಗ್ಸ್‌ನಲ್ಲಿ ಫ್ಯಾಮಿಲಿ ಅನ್ನುವಲ್ಲಿ ಹೋಗಿ ಒಂದು ಕುಟುಂಬ ಮಾಡಿಕೋ. ನೀನೂ ಸೇರಿ ಆರು ಜನ ಇರಬಹುದು. ತಮ್ಮ ತನ್ನದೇ ಖಾತೆ ತೆರೆಯಲಿ, ನೀನು ಅವನನ್ನು ಸೇರಿಸಿಕೋ. ಆಮೇಲೆ ನಿನ್ನ ಆಟಗಳು ಅವನ ಲೈಬ್ರರಿಯಲ್ಲೂ ಕಾಣುತ್ತವೆ. ಅವನು ಎಲ್ಲಿಯವರೆಗೆ ಆಡಿದ್ದಾನೆ ಅನ್ನುವುದು ಅವನ ಖಾತೆಯಲ್ಲಿ, ನಿನ್ನದು ನಿನ್ನಲ್ಲಿ ಬೇರೆ ಬೇರೆಯಾಗಿ ಉಳಿಯುತ್ತದೆ. ಒಬ್ಬರ ಆಟದ ಮೇಲೆ ಇನ್ನೊಬ್ಬರು ಸೇವ್ ಮಾಡಿ ಜಗಳ ಆಗುವುದು ತಪ್ಪುತ್ತದೆ.

2013ರಲ್ಲಿ ಶುರುವಾದ ಸ್ಟೀಮಿನ ಹಳೆಯ ಪದ್ಧತಿಯಲ್ಲಿ ಒಂದು ಲೈಬ್ರರಿಯಿಂದ ಒಂದು ಸಲಕ್ಕೆ ಒಬ್ಬರು ಮಾತ್ರ ಆಡಬಹುದಿತ್ತು. ನೀನು ಯಾವ ಆಟ ತೆರೆದರೂ ತಮ್ಮ ಏಳಬೇಕಿತ್ತು. ಈಗ ನೀನು ಒಂದು ಆಟ, ಅವನು ಇನ್ನೊಂದು ಆಟ ಅದೇ ಹೊತ್ತಿಗೆ ಆಡಬಹುದು. ಇಬ್ಬರೂ ಒಂದೇ ಆಟವನ್ನು ಒಟ್ಟಿಗೆ ಆಡಬೇಕೆಂದರೆ ಮಾತ್ರ ಆ ಆಟದ ಎರಡು ಪ್ರತಿ ಮನೆಯಲ್ಲಿರಬೇಕು.

ದೊಡ್ಡಮ್ಮನ ಮಗನ ವಿಷಯಕ್ಕೆ ಸ್ವಲ್ಪ ಯೋಚನೆ ಮಾಡು. ಈ ವ್ಯವಸ್ಥೆ ಒಂದೇ ಮನೆಯಲ್ಲಿ ಇರುವವರಿಗೆ ಅಂತ ಕಂಪನಿ ಹೇಳುತ್ತದೆ. ಅವನು ಇರುವುದು ಬೆಂಗಳೂರಿನಲ್ಲಿ, ಅವನಿಗೆ ಅವನದೇ ಮನೆ ಇದೆ. ಅಲ್ಲದೆ ಒಬ್ಬರು ಕುಟುಂಬ ಬಿಟ್ಟರೆ, ತಾವು ಸೇರಿದ ದಿನದಿಂದ ಒಂದು ವರ್ಷ ತುಂಬುವ ತನಕ ಬೇರೆ ಕುಟುಂಬ ಸೇರಲಾರರು. ಖಾಲಿಯಾದ ಜಾಗಕ್ಕೂ ಹಾಗೆಯೇ ವರ್ಷದ ತಡೆ ಇದೆ. ಇನ್ನೊಂದು ಮಾತು ಇದಕ್ಕಿಂತ ದೊಡ್ಡದು. ನಿನ್ನ ಪ್ರತಿಯಲ್ಲಿ ಆಡುತ್ತಾ ಯಾರಾದರೂ ಚೀಟ್ ಮಾಡಿ ಸಿಕ್ಕಿಬಿದ್ದರೆ, ಆ ಆಟದಲ್ಲಿ ನಿನಗೂ ನಿಷೇಧ ಬೀಳುತ್ತದೆ. ಆದ್ದರಿಂದ ಪಕ್ಕದಲ್ಲಿ ಕೂರಿಸಿಕೊಂಡು ಬುದ್ಧಿ ಹೇಳಬಹುದಾದವರನ್ನು ಮಾತ್ರ ಸೇರಿಸಿಕೋ. ಎಲ್ಲ ಆಟಗಳೂ ಹಂಚಿಕೆಗೆ ಸಿಗುವುದಿಲ್ಲ. ಕೆಲವು ಪ್ರಕಾಶಕರು ಒಪ್ಪಿಲ್ಲ, ಬೇರೆ ಕಂಪನಿಯ ಖಾತೆ ಬೇಡುವ ಕೆಲವು ಆಟಗಳೂ ಹೊರಗುಳಿಯುತ್ತವೆ. ಕೊಳ್ಳುವ ಮೊದಲೇ ಆಟದ ಪುಟದಲ್ಲಿ ನೋಡಿಕೊಂಡರೆ ಒಳ್ಳೆಯದು.

ಮೇಡಂ, ಮೊದಲು ಡಿಸ್ಕ್ ಕೊಳ್ತಿದ್ದೆ. ಆಡಿ ಮುಗಿಸಿ ಸ್ನೇಹಿತನಿಗೆ ಕೊಡ್ತಿದ್ದೆ, ಅವನು ತನ್ನದನ್ನ ನನಗೆ ಕೊಡ್ತಿದ್ದ. ಈಗ ಡಿಸ್ಕ್ ಹಾಕೋ ಜಾಗನೇ ಇಲ್ಲದ ಪಿಎಸ್5 (ಸೋನಿ ಕಂಪನಿಯ ಆಟದ ಯಂತ್ರ ಪ್ಲೇಸ್ಟೇಷನ್ 5) ತಂದಿದ್ದೀನಿ. ಅಷ್ಟೇ ದುಡ್ಡು ಕೊಟ್ಟರೂ ಆಟ ಇನ್ನೊಬ್ಬರಿಗೆ ಕೊಡೋಕಾಗಲ್ಲ. ಇದು ನ್ಯಾಯವೇ?
— ಓದುಗರು, ಕುಣಿಗಲ್

ನಿಮ್ಮ ಸಿಟ್ಟು ಸರಿಯಾಗಿಯೇ ಇದೆ. ಡಿಸ್ಕ್ ಅನ್ನುವುದು ವಸ್ತು. ಗ್ರಂಥಾಲಯದಿಂದ ತಂದ ಪುಸ್ತಕದ ಹಾಗೆ ಕೈಯಿಂದ ಕೈಗೆ ಹೋಗುತ್ತದೆ, ಒಂದು ಸಲಕ್ಕೆ ಒಬ್ಬರ ಕೈಯಲ್ಲೇ ಇರುತ್ತದೆ. ಡೌನ್‌ಲೋಡ್ ಮಾಡಿಕೊಳ್ಳುವ ಆಟದಲ್ಲಿ ನೀವು ಕೊಳ್ಳುವುದು ಆಡುವ ಅನುಮತಿ. ಅದನ್ನು ನಿಮ್ಮ ಖಾತೆಗೆ ಬರೆದಿರುತ್ತಾರೆ. ಸ್ಟೀಮ್ 2024ರ ಅಕ್ಟೋಬರಿನಿಂದ ದುಡ್ಡು ಕಟ್ಟುವ ಮೊದಲೇ ಇದನ್ನು ನೇರವಾಗಿ ಬರೆದು ತೋರಿಸುತ್ತಿದೆ.

ಈ ಜಗಳ ಹೊಸದೇನಲ್ಲ. 2013ರಲ್ಲಿ ಮೈಕ್ರೋಸಾಫ್ಟ್ ತನ್ನ ಎಕ್ಸ್‌ಬಾಕ್ಸ್ ಒನ್ ಅನ್ನುವ ಆಟದ ಯಂತ್ರ ತರುವ ಮೊದಲು ಕೆಲವು ನಿಯಮ ಹೇಳಿತ್ತು. ಯಂತ್ರ 24 ಗಂಟೆಗೊಮ್ಮೆಯಾದರೂ ಇಂಟರ್ನೆಟ್ಟಿಗೆ ತಗುಲಬೇಕು, ಡಿಸ್ಕನ್ನು ಎರವಲು ಕೊಡಲು, ಮಾರಲು ಕಟ್ಟುಪಾಡು. ಅದರ ಜೊತೆಗೇ ಮನೆಯ ಹತ್ತು ಜನ ಒಂದೇ ಲೈಬ್ರರಿಯಿಂದ ಆಡಬಹುದು ಅನ್ನುವ ಸವಲತ್ತೂ ಇತ್ತು. ಜನ ರೇಗಿದರು. ಅದೇ ವೇಳೆಗೆ ಸೋನಿ, ಪಿಎಸ್4 ಆಟ ಹಂಚಿಕೊಳ್ಳುವುದು ಹೇಗೆ ಅಂತ ಒಂದು ಪುಟ್ಟ ವಿಡಿಯೊ ಮಾಡಿ ಹಾಕಿತು: ಒಬ್ಬ ಡಿಸ್ಕ್ ಕೊಟ್ಟ, ಇನ್ನೊಬ್ಬ ತೆಗೆದುಕೊಂಡ, ಮುಗಿಯಿತು. ಆ ವರ್ಷ ಜೂನ್ 19ರಂದು ಮೈಕ್ರೋಸಾಫ್ಟ್ ನಿಯಮಗಳನ್ನು ಹಿಂದಕ್ಕೆ ತೆಗೆದುಕೊಂಡಿತು. ಹತ್ತು ಜನರ ಸವಲತ್ತೂ ಅದರ ಜೊತೆಯೇ ಹೋಯಿತು. ಡಿಸ್ಕ್ ಉಳಿಸಿಕೊಂಡದ್ದು ಸರಿ. ಆದರೆ ಮನೆಮಂದಿಗೆ ಹಂಚುವ ಆ ದಾರಿಯನ್ನೂ ಅಂದೇ ಉಳಿಸಿಕೊಂಡಿದ್ದರೆ ಎಷ್ಟು ಚೆನ್ನಾಗಿತ್ತು ಅಂತ ನನಗೆ ಈಗಲೂ ಅನಿಸುತ್ತದೆ.

ನಿಮ್ಮ ಯಂತ್ರದಲ್ಲಿ ಏನು ಸಾಧ್ಯ ಅನ್ನುವುದಕ್ಕೆ ಬರೋಣ. ಪಿಎಸ್5ರಲ್ಲಿ 'ಕನ್ಸೋಲ್ ಶೇರಿಂಗ್ ಆ್ಯಂಡ್ ಆಫ್‌ಲೈನ್ ಪ್ಲೇ' ಅನ್ನುವುದನ್ನು ಆನ್ ಮಾಡಿದರೆ, ಆ ಯಂತ್ರದಲ್ಲಿ ಬೇರೆ ಖಾತೆಯಿಂದ ಆಡುವವರೂ ನಿಮ್ಮ ಆಟಗಳನ್ನು ಆಡಬಹುದು. ಹೆಂಡತಿ, ಮಕ್ಕಳಿಗೆ ಒಂದೊಂದು ಖಾತೆ ಮಾಡಿಕೊಡಿ, ಸಾಕು. ಇನ್ನು ಸ್ನೇಹಿತರಿಗೆ 'ಶೇರ್ ಪ್ಲೇ' ಇದೆ. ನಿಮ್ಮ ಪರದೆ ಅವರಿಗೆ ಕಾಣುತ್ತದೆ, ಬೇಕಾದರೆ ಅವರ ಕೈಗೇ ಆಟ ಒಪ್ಪಿಸಬಹುದು, ಅವರ ಹತ್ತಿರ ಆ ಆಟ ಇರಬೇಕಿಲ್ಲ. ಒಂದು ಸಲಕ್ಕೆ 60 ನಿಮಿಷ, ಮುಗಿದ ಮೇಲೆ ಮತ್ತೆ ಶುರು ಮಾಡಿಕೊಳ್ಳಬಹುದು. ಡಿಸ್ಕ್ ಕೊಟ್ಟ ಸುಖ ಇದರಲ್ಲಿಲ್ಲ, ನಿಜ. ಮುಂದಿನ ಸಲ ಯಂತ್ರ ಕೊಳ್ಳುವಾಗ ಡಿಸ್ಕ್ ಡ್ರೈವ್ ಇರುವುದನ್ನೇ ನೋಡಿ ಎಂದು ನಾನು ಅಂಗಡಿಗೆ ಬಂದವರಿಗೆಲ್ಲ ಹೇಳುತ್ತೇನೆ.

ಹಳೆ ಪಿಎಸ್4 ಮಾರ್ತಿದ್ದೀನಿ. ಏನಾದ್ರೂ ಮಾಡ್ಬೇಕಾ?
— ಓದುಗ, ಕ್ಯಾತ್ಸಂದ್ರ

ಅದು ನಿಮ್ಮ ಖಾತೆಯ 'ಪ್ರೈಮರಿ', ಅಂದರೆ ಮುಖ್ಯ ಯಂತ್ರ ಅಂತ ಗುರುತಾಗಿದ್ದರೆ ಮೊದಲು ಆ ಗುರುತು ತೆಗೆಯಿರಿ, ಆಮೇಲೆ ಯಂತ್ರವನ್ನು ಪೂರ್ತಿ ಅಳಿಸಿ ಕೊಡಿ. ಮರೆತು ಮಾರಿಬಿಟ್ಟರೆ ವೆಬ್‌ಸೈಟಿನಿಂದಲೂ ಎಲ್ಲ ಯಂತ್ರಗಳನ್ನು ಖಾತೆಯಿಂದ ಒಟ್ಟಿಗೆ ತೆಗೆಯಬಹುದು, ಆದರೆ ಆರು ತಿಂಗಳಿಗೆ ಒಂದೇ ಸಲ. ಎಕ್ಸ್‌ಬಾಕ್ಸ್ ಇರುವವರಿಗೂ ಒಂದು ಮಾತು: 'ಹೋಮ್ ಎಕ್ಸ್‌ಬಾಕ್ಸ್' (ಖಾತೆಯ ಮುಖ್ಯ ಯಂತ್ರ) ಯಾವುದು ಅನ್ನುವುದನ್ನು ವರ್ಷಕ್ಕೆ ಐದು ಸಲ ಮಾತ್ರ ಬದಲಾಯಿಸಬಹುದು.

ನಮಸ್ಕಾರ ಮೇಡಂ. ನನ್ನ ಮಗಳಿಗೆ ಹತ್ತು ವರ್ಷ. ನನ್ನ ಫೋನಿನಲ್ಲಿ ಮೈನ್‌ಕ್ರಾಫ್ಟ್ ಆಡ್ತಾಳೆ. ಬೆಂಗಳೂರಿನ ನಮ್ಮಣ್ಣನ ಮಗ ಪಿಎಸ್4ರಲ್ಲಿ ಅದೇ ಆಟ ಆಡ್ತಾನೆ. ರಜೆಯಲ್ಲಿ ಇಬ್ಬರೂ ಸೇರಿ ನಮ್ಮ ಫೋನಿನಲ್ಲಿ ಒಂದು ಊರು ಕಟ್ಟಿದ್ದಾರೆ. ಈಗ ದಿನಾ ಅದೇ ಧ್ಯಾನ. ದೂರದಿಂದಲೇ ಇಬ್ಬರೂ ಅದೇ ಊರಿನಲ್ಲಿ ಆಡೋಕೆ ಆಗುತ್ತಾ?
— ಗೃಹಿಣಿ, ಶಿರಾ

ಆಗುತ್ತದೆ ಅಮ್ಮಾ. ಈ ಪತ್ರ ಓದಿ ನನಗೆ ನಿಜಕ್ಕೂ ಸಂತೋಷವಾಯಿತು.

ಫೋನ್, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್, ನಿಂಟೆಂಡೊ ಸ್ವಿಚ್, ವಿಂಡೋಸ್ ಇವೆಲ್ಲದರಲ್ಲೂ ಮೈನ್‌ಕ್ರಾಫ್ಟಿನ 'ಬೆಡ್‌ರಾಕ್' ಅನ್ನುವ ಆವೃತ್ತಿ ಇದೆ. ಅದನ್ನು ಆಡುವವರು ಯಾವ ಯಂತ್ರದಲ್ಲಿದ್ದರೂ ಒಟ್ಟಿಗೆ ಸೇರಬಹುದು. ಕಂಪ್ಯೂಟರಿನಲ್ಲಿ ಮಾತ್ರ ಸಿಗುವ 'ಜಾವಾ' ಆವೃತ್ತಿ ಬೇರೆ, ಅವರಿಗೂ ಇವರಿಗೂ ಕೂಡುವುದಿಲ್ಲ. ನಿಮ್ಮ ಮಕ್ಕಳಿಬ್ಬರದೂ ಬೆಡ್‌ರಾಕ್ ಆದ್ದರಿಂದ ತೊಂದರೆಯಿಲ್ಲ. ಇಬ್ಬರಿಗೂ ಒಂದೊಂದು ಮೈಕ್ರೋಸಾಫ್ಟ್ ಖಾತೆ ಬೇಕು. ಮಗಳ ಖಾತೆಗೆ ಅವಳ ನಿಜವಾದ ಹುಟ್ಟಿದ ದಿನಾಂಕವನ್ನೇ ಕೊಡಿ. ದೊಡ್ಡವಳೆಂದು ಬರೆದರೆ ಕೆಲಸ ಬೇಗ ಆದೀತು, ಆದರೆ ಅಪರಿಚಿತರಿಂದ ಕಾಯುವ ಬೇಲಿಯನ್ನು ನೀವೇ ಕಿತ್ತ ಹಾಗಾಗುತ್ತದೆ. ಮಗುವಿನ ಖಾತೆಗೆ ಇತರರ ಜೊತೆ ಆಡಲು, ಸ್ನೇಹಿತರನ್ನು ಸೇರಿಸಿಕೊಳ್ಳಲು ನಿಮ್ಮ ಖಾತೆಯಿಂದ ಅನುಮತಿ ಕೊಡಬೇಕು. ಅಣ್ಣನ ಮಗನನ್ನು ಸೇರಿಸಿ, ಮಿಕ್ಕವರಿಗೆ ಬಾಗಿಲು ಹಾಕಿಡಿ.

ಊರು ಈಗ ನಿಮ್ಮ ಫೋನಿನಲ್ಲಿದೆ. ಮಗಳು ಆ ಲೋಕ ತೆರೆದು ಕೂತಿದ್ದಾಗ ಅವನು ಬಂದು ಸೇರಬಹುದು. ಅವಳು ಮುಚ್ಚಿದರೆ ಅವನಿಗೂ ಮುಚ್ಚಿತು. ಒಬ್ಬರು ಶಾಲೆಯಲ್ಲಿದ್ದಾಗ ಇನ್ನೊಬ್ಬರು ಕಟ್ಟಬೇಕು ಅಂದರೆ 'ರೆಲ್ಮ್ಸ್' ಎಂಬ ಚಂದಾ ಸೇವೆ ಇದೆ. ಆ ಊರನ್ನು ಅಲ್ಲಿಗೆ ಏರಿಸಿದರೆ ಅದು ಸದಾ ತೆರೆದಿರುತ್ತದೆ. ಚಂದಾ ಒಬ್ಬರು ಕಟ್ಟಿದರೆ ಸಾಕು. ಚಿಕ್ಕ ಚಂದಾದಲ್ಲಿ ಒಡೆಯರ ಜೊತೆ ಇಬ್ಬರು, ದೊಡ್ಡದರಲ್ಲಿ ಹತ್ತು ಜನ ಒಟ್ಟಿಗೆ ಆಡಬಹುದು. ನಿಮಗೆ ಚಿಕ್ಕದೇ ಸಾಕು. ಹಣ ಕೊಟ್ಟು ಕೊಳ್ಳುವ ಆಟಗಳನ್ನು ಪ್ಲೇಸ್ಟೇಷನ್‌ನಲ್ಲಿ ಆನ್‌ಲೈನ್ ಆಡಲು ಸಾಮಾನ್ಯವಾಗಿ ಪಿಎಸ್ ಪ್ಲಸ್ ಚಂದಾ ಬೇಕಾಗುತ್ತದೆ, ಅದನ್ನು ನಿಮ್ಮ ಅಣ್ಣನವರಿಗೆ ಮೊದಲೇ ಹೇಳಿಬಿಡಿ.

ಏನೇ ಮಾಡುವ ಮೊದಲು ಆ ಊರಿನ ಒಂದು ನಕಲು ತೆಗೆದಿಡಿ. ಫೋನಿನಲ್ಲಿ ಲೋಕದ ಸೆಟ್ಟಿಂಗ್ಸ್‌ಗೆ ಹೋದರೆ 'ಎಕ್ಸ್‌ಪೋರ್ಟ್' ಇದೆ. ಬರುವ ಫೈಲನ್ನು ಕಂಪ್ಯೂಟರಿಗೋ ಡ್ರೈವಿಗೋ ಹಾಕಿ. ಫೋನ್ ಕೈತಪ್ಪಿ ಬಿದ್ದು ಕೆಟ್ಟರೆ ಹೊಸ ಫೋನ್ ತರಬಹುದು, ಮಕ್ಕಳು ರಜೆಯೆಲ್ಲ ಕೂತು ಕಟ್ಟಿದ ಊರನ್ನು ಅಂಗಡಿಯಲ್ಲಿ ಮಾರುವುದಿಲ್ಲ.

ನನ್ನ ಹತ್ರ ಕಂಪ್ಯೂಟರ್ ಇದೆ, ಫ್ರೆಂಡ್ ಹತ್ರ ಎಕ್ಸ್‌ಬಾಕ್ಸ್. ಒಂದೇ ಆಟ ಕೊಂಡು ಇಬ್ಬರೂ ಆಡೋ ಥರ ಯಾವುದಾದ್ರೂ ಇದೆಯಾ ಅಕ್ಕಾ?
— ಓದುಗ, ಮಧುಗಿರಿ

ಇದೆ. 2025ರ ಮಾರ್ಚ್‌ನಲ್ಲಿ ಬಂದ 'ಸ್ಪ್ಲಿಟ್ ಫಿಕ್ಷನ್' ನೋಡಿ. ಇಬ್ಬರೇ ಸೇರಿ ಆಡಬೇಕಾದ ಆಟ ಅದು. ಒಬ್ಬರು ಕೊಂಡರೆ ಇನ್ನೊಬ್ಬರು 'ಫ್ರೆಂಡ್ಸ್ ಪಾಸ್' ಅನ್ನುವುದನ್ನು ಬಿಟ್ಟಿಯಾಗಿ ಇಳಿಸಿಕೊಂಡು ಜೊತೆಗೂಡಬಹುದು. ಕಂಪ್ಯೂಟರ್, ಪಿಎಸ್5, ಹೊಸ ಎಕ್ಸ್‌ಬಾಕ್ಸ್ ಯಾವುದರಿಂದ ಯಾವುದಕ್ಕಾದರೂ ಸರಿ. ಎಲ್ಲ ಕಂಪನಿಗಳೂ ಹೀಗೇ ಮಾಡಬೇಕು ಅನ್ನುವುದು ನನ್ನ ಆಸೆ.

ನಿಮ್ಮ ಸ್ನೇಹಿತರ ಹತ್ತಿರ ಫೋನ್ ಮಾತ್ರ ಇದ್ದರೂ ಒಂದು ದಾರಿಯಿದೆ. ಸ್ಟೀಮಿನಲ್ಲಿ 'ರಿಮೋಟ್ ಪ್ಲೇ ಟುಗೆದರ್' ಅಂತ 2019ರಲ್ಲಿ ಬಂತು. ಒಂದೇ ಪರದೆ ಮುಂದೆ ಪಕ್ಕಪಕ್ಕ ಕೂತು ಆಡುವ ಆಟಗಳನ್ನು ದೂರದಿಂದ ಆಡಿಸುತ್ತದೆ. ಆಟ ಓಡುವುದು ನಿಮ್ಮ ಕಂಪ್ಯೂಟರಿನಲ್ಲೇ, ಅವರಿಗೆ ಹೋಗುವುದು ಅದರ ಚಿತ್ರ. ಹೀಗಾಗಿ ನಿಮ್ಮ ಮನೆಯ ಇಂಟರ್ನೆಟ್ಟಿನ ಅಪ್‌ಲೋಡ್ ವೇಗ ಚೆನ್ನಾಗಿರಬೇಕು. ಡೌನ್‌ಲೋಡ್ ವೇಗ ನೋಡಿ ಮೋಸ ಹೋಗಬೇಡಿ.

ಮಗನಿಗಾಗಿ ಪ್ಲೇ ಸ್ಟೋರಿನಲ್ಲಿ ಆಟ ಕೊಂಡೆ. ಮಗಳ ಫೋನಿಗೆ ಮತ್ತೆ ಕೊಳ್ಳಬೇಕೇ?
— ಓದುಗರು, ತುರುವೇಕೆರೆ

ಬೇಡ. ಗೂಗಲ್ ಪ್ಲೇಯ 'ಫ್ಯಾಮಿಲಿ ಲೈಬ್ರರಿ'ಯಲ್ಲಿ ನಿಮ್ಮ ಜೊತೆ ಐದು ಜನರಿಗೆ ಹಂಚಬಹುದು. ಆಟದ ಒಳಗೆ ಕೊಂಡ ನಾಣ್ಯ, ಬಟ್ಟೆಬರೆ, ಆಯುಧ ಮಾತ್ರ ಹಂಚಿಕೆಯಾಗುವುದಿಲ್ಲ. ಮಕ್ಕಳು ಏನೇ ಕೊಳ್ಳಲು ಹೋದರೂ ನಿಮ್ಮ ಒಪ್ಪಿಗೆ ಕೇಳುವಂತೆ ಅಲ್ಲೇ ಇಟ್ಟುಕೊಳ್ಳಿ.

ನನಗೆ ಎಪ್ಪತ್ತು ದಾಟಿದೆ. ಹೈದರಾಬಾದಿನಲ್ಲಿರುವ ಮೊಮ್ಮಗ ಕಾರ್ ರೇಸ್ ಆಡಿ ಗೆದ್ದೆ ಅಂತ ಫೋನಿನಲ್ಲಿ ಹೇಳುತ್ತಾನೆ. ಅದನ್ನು ನೋಡುವ ಆಸೆ. ಅವನ ಬಳಿ ಪಿಎಸ್5 ಇದೆ.
— ಹಿರಿಯ ಓದುಗರು, ಗುಬ್ಬಿ

ಅಜ್ಜಾ, ಮೊಮ್ಮಗನಿಗೆ ಈ ಪುಟ ತೋರಿಸಿ. ಮಗೂ, ನಿನ್ನ ಕೈಯಲ್ಲಿರುವ ಕಂಟ್ರೋಲರಿನ 'ಕ್ರಿಯೇಟ್' ಗುಂಡಿ ಒತ್ತಿ ಆಡಿದ್ದನ್ನು ವಿಡಿಯೊ ಆಗಿ ಉಳಿಸಿಕೊಳ್ಳಬಹುದು. ಅಮ್ಮನ ಫೋನಿನಲ್ಲಿ ಪ್ಲೇಸ್ಟೇಷನ್ ಆ್ಯಪ್ ಹಾಕಿ, ನಿನ್ನ ಖಾತೆಯಿಂದ ಒಳಹೋಗಿ, ಕ್ಯಾಪ್ಚರ್‌ಗಳು (ಹೀಗೆ ಉಳಿಸಿದ ವಿಡಿಯೊಗಳು) ತಾವಾಗಿ ಏರುವಂತೆ ಆನ್ ಮಾಡಿಕೋ. ವಿಡಿಯೊ ಫೋನಿಗೆ ಬರುತ್ತದೆ, ಅಲ್ಲಿಂದ ಅಜ್ಜನ ವಾಟ್ಸ್ಆ್ಯಪ್‌ಗೆ ಕಳಿಸು. ಆ್ಯಪಿನಲ್ಲಿ ಅದು 14 ದಿನ ಮಾತ್ರ ಇರುತ್ತದೆ, ಅಷ್ಟರೊಳಗೆ ಇಳಿಸಿಕೊಳ್ಳಬೇಕು. ಚಿಕ್ಕ ತುಣುಕು ಕಳಿಸು, ಯಾವ ಕಾರು ನಿನ್ನದು ಅಂತ ಧ್ವನಿಯಲ್ಲಿ ಹೇಳಿ ಜೊತೆಗೆ ಕಳಿಸು. ಅಜ್ಜನಿಗೆ ಅದು ಮುಖ್ಯ.

ಮೇಡಂ, ನನ್ನ ಮಗ ಒಂಬತ್ತನೇ ಕ್ಲಾಸು. ಆಟದಲ್ಲಿ ಪರಿಚಯವಾದ 'ಅಣ್ಣ' ಒಬ್ಬ ಸ್ಕಿನ್ (ಆಟದ ಪಾತ್ರದ ವೇಷ) ಕೊಡ್ತೀನಿ ಅಂತ ಹೇಳಿ ಇವನ ಐಡಿ, ಪಾಸ್‌ವರ್ಡ್, ಓಟಿಪಿ ಎಲ್ಲ ಇಸ್ಕೊಂಡಿದ್ದಾನೆ. ಈಗ ಖಾತೆ ತೆರೀತಿಲ್ಲ. ಇವನು ಊಟ ಬಿಟ್ಟು ಕೂತಿದ್ದಾನೆ. ಅವರಪ್ಪನಿಗೆ ಇನ್ನೂ ಹೇಳಿಲ್ಲ.
— ತಾಯಿ, ಚಿಕ್ಕನಾಯಕನಹಳ್ಳಿ

ಮೊದಲು ಮಗನಿಗೆ ಬೈಯಬೇಡಿ ಅಮ್ಮಾ. ಯಜಮಾನರಿಗೂ ಇವತ್ತೇ ಹೇಳಿ, ಹಾಗೆಯೇ ಅವರೂ ಬೈಯದಂತೆ ನೋಡಿಕೊಳ್ಳಿ. ಬೈದರೆ ಮುಂದಿನ ಸಲ ಆ ಹುಡುಗ ನಿಮಗೆ ಹೇಳುವುದೇ ಇಲ್ಲ, ಮೋಸಗಾರರಿಗೆ ಬೇಕಿರುವುದೂ ಅದೇ.

ಮೊದಲು ಆ ಖಾತೆಗೆ ಕೊಟ್ಟಿದ್ದ ಇಮೇಲಿನ ಪಾಸ್‌ವರ್ಡ್ ಬದಲಾಯಿಸಿ, ಎಲ್ಲ ಕಡೆಯಿಂದ ಲಾಗ್‌ಔಟ್ ಮಾಡಿ. ಇಮೇಲ್ ಆ ಮೋಸಗಾರನ ಕೈಯಲ್ಲಿದ್ದರೆ ಉಳಿದದ್ದೆಲ್ಲ ವ್ಯರ್ಥ. ಆಮೇಲೆ ಆಟದ ಕಂಪನಿಯ ಸಹಾಯ ಪುಟದಲ್ಲಿ ಖಾತೆ ಕಳವಾಗಿದೆ ಎಂದು ಬರೆಯಿರಿ. ಆಟ ಕೊಂಡಾಗ ಬಂದ ರಸೀದಿ, ದುಡ್ಡು ಕಟ್ಟಿದ ದಾಖಲೆ ಜೊತೆಗಿಡಿ, ಖಾತೆ ನಿಮ್ಮದೇ ಎಂದು ತೋರಿಸಲು ಅದಕ್ಕಿಂತ ದೊಡ್ಡ ಸಾಕ್ಷಿ ಇಲ್ಲ. ಖಾತೆಗೆ ಕಾರ್ಡ್ ಅಥವಾ ಯುಪಿಐ ಜೋಡಿಸಿದ್ದರೆ ಬ್ಯಾಂಕಿಗೆ ತಿಳಿಸಿ. ಒಂದು ರೂಪಾಯಿ ಹೋಗಿದ್ದರೂ ತಡಮಾಡದೆ 1930ಕ್ಕೆ ಫೋನ್ ಮಾಡಿ, ಅದು ಸೈಬರ್ ವಂಚನೆಯ ಸಹಾಯವಾಣಿ. ಆ ವ್ಯಕ್ತಿಯ ಜೊತೆ ಆಡಿದ ಮಾತುಗಳನ್ನು ಅಳಿಸಬೇಡಿ, ಸ್ಕ್ರೀನ್‌ಶಾಟ್ ತೆಗೆದಿಡಿ.

ಖಾತೆ ವಾಪಸು ಬಂದ ದಿನ, ಎರಡು ಹಂತದ ದೃಢೀಕರಣವನ್ನು ಮಗನ ಕೈಯಲ್ಲೇ ಹಾಕಿಸಿ. 'ನಮ್ಮ ಟೀಮಿಗೆ ಓಟು ಹಾಕು', 'ಈ ಕ್ಯೂಆರ್ ಸ್ಕ್ಯಾನ್ ಮಾಡು' ಅಂತ ಬರುವ ಸಂದೇಶಗಳೂ ಇದೇ ಜಾತಿಯವು, ಪರಿಚಯದ ಗೆಳೆಯನ ಹೆಸರಲ್ಲೇ ಬಂದರೂ ನಂಬಬಾರದು, ಅವನ ಖಾತೆಯೂ ಕಳವಾಗಿರಬಹುದು. ಇದನ್ನು ಅವನಿಗೆ ವಿವರಿಸಿ ಹೇಳಲು ಕಷ್ಟವಾದರೆ, ಭಾನುವಾರ ಬಿಟ್ಟು ಯಾವತ್ತಾದರೂ ಸಂಜೆ ಅವನನ್ನು ಕರೆದುಕೊಂಡು ಅಂಗಡಿಗೆ ಬನ್ನಿ. ದುಡ್ಡೇನೂ ಬೇಡ. ಇಮೇಲ್ ಇರುವ ಫೋನ್ ಮತ್ತು ಆ ರಸೀದಿ ತನ್ನಿ.