ವಿಚಾರಣಾ ವರದಿಗೆ ಉತ್ತರ ಕೊಡದೆ ನೇರವಾಗಿ ಹೈಕೋರ್ಟಿಗೆ ಹೋಗಬಹುದೇ?

ನಿಮ್ಮ ಮೇಲಿನ ಇಲಾಖಾ ವಿಚಾರಣೆಯಲ್ಲಿ ಆರೋಪ ಸಾಬೀತು ಎಂದು ವರದಿ ಬಂದಾಗಿದೆ, ಇನ್ನು ಉತ್ತರ ಬರೆದು ಏನಾಗಬೇಕು, ಹೈಕೋರ್ಟಿನಲ್ಲೇ ನೋಡಿಕೊಳ್ಳುತ್ತೇನೆ ಎನ್ನುತ್ತಿದ್ದೀರಿ. ಹನ್ನೊಂದು ವರ್ಷದ ಹಿಂದೆ ಇದೇ ಮಾತನ್ನು ನಾನೂ ಆಡಿದ್ದೆ.

ಆಗ ನಾನು ಪ್ರಥಮ ದರ್ಜೆ ಸಹಾಯಕ. ಅಭಿಲೇಖಾಲಯದಿಂದ ಜಮೀನಿನ ಕಡತವೊಂದು ಕಾಣೆಯಾಗಿ ಹೊಣೆ ನನ್ನ ತಲೆಗೆ ಬಂತು. ಕಡತ ಹೋದ ವಾರ ನಾನು ಚುನಾವಣಾ ತರಬೇತಿಯಲ್ಲಿದ್ದೆ. ಬೀಗದ ಕೈ ಪಡೆದವರು ಸಹಿ ಹಾಕುವ ವಹಿಯೊಂದಿತ್ತು. ಕೆಂಪು ಬಟ್ಟೆ ಅಂಟಿಸಿದ ಉದ್ದನೆಯ ಪುಸ್ತಕ. ಆ ವಾರದ ಪುಟದಲ್ಲಿ ಇದ್ದದ್ದು ಬೇರೊಬ್ಬರ ಸಹಿ. ವಿಚಾರಣಾಧಿಕಾರಿ ಅದನ್ನು ತರಿಸಲಿಲ್ಲ, ನಾನೂ ಕೇಳಲಿಲ್ಲ.

ಅದನ್ನಾದರೂ ಸರಿಪಡಿಸಿಕೊಳ್ಳಬಹುದಿತ್ತು. ವರದಿಯ ಪ್ರತಿಯೊಂದಿಗೆ, ಉತ್ತರ ಕೊಡಿ ಎಂಬ ನೋಟಿಸ್ ಬಂದಾಗ ಹಿರಿಯ ಸಹೋದ್ಯೋಗಿಯೊಬ್ಬರು, ‘ವಾದಕ್ಕೆ ಇಳಿಯಬೇಡ, ಸಾಹೇಬರಿಗೆ ಸಿಟ್ಟು ಬರುತ್ತದೆ, ಕ್ಷಮೆ ಕೇಳಿಬಿಡು’ ಎಂದರು. ‘ಇದನ್ನು ನನ್ನ ಮೊದಲ ತಪ್ಪೆಂದು ಭಾವಿಸಿ ದಯೆ ತೋರಬೇಕು’ ಎಂದು ಬರೆದುಕೊಟ್ಟೆ. ಮೊದಲ ತಪ್ಪು! ತಪ್ಪೇ ಮಾಡದವನು ಅದನ್ನು ಮೊದಲನೆಯದು ಎಂದು ಎಣಿಸುವುದೇಕೆ? ನೌಕರ ವರದಿಯನ್ನು ಅಲ್ಲಗಳೆಯಲಿ ಎಂದೇ 1993ರ ಕರುಣಾಕರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಪ್ರತಿ ಕೊಡುವುದನ್ನು ಕಡ್ಡಾಯ ಮಾಡಿದ್ದು. ಹಕ್ಕಾಗಿ ಬಂದದ್ದನ್ನು ನಾನು ಭಿಕ್ಷೆಯ ಅರ್ಜಿ ಮಾಡಿದೆ. ವಹಿಯ ಮಾತಿಲ್ಲ, ತರಬೇತಿಯ ಹಾಜರಾತಿಯ ಮಾತಿಲ್ಲ. ಆದೇಶದಲ್ಲಿ ‘ಆಪಾದಿತರು ತಪ್ಪನ್ನು ಒಪ್ಪಿಕೊಂಡಿರುತ್ತಾರೆ’ ಎಂಬ ಸಾಲು ಬಂತು. ದ್ವಿತೀಯ ದರ್ಜೆಗೆ ಇಳಿಸಿದರು. ಇಲಾಖೆಯೊಳಗಿನ ಮೇಲ್ಮನವಿಯೂ ವಜಾ ಆಯಿತು.

ಆಮೇಲೆ ಹೋದದ್ದು ರಾಜ್ಯ ಸರ್ಕಾರಿ ನೌಕರರ ಸೇವಾ ವ್ಯಾಜ್ಯಗಳನ್ನು ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ನೀವೂ ಅಲ್ಲಿಗೇ ಹೋಗಬೇಕು. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನ ಪ್ರಕಾರ ಹೈಕೋರ್ಟು ಅದರ ನಂತರದ ಮೆಟ್ಟಿಲು. ನನ್ನ ವಕೀಲರು ವಹಿಯ ಪ್ರತಿ ಹಿಡಿದು ನಿಂತರು. ವಿಚಾರಣೆಯಲ್ಲಾಗಲಿ ಉತ್ತರದಲ್ಲಾಗಲಿ ಇಲ್ಲದ್ದನ್ನು ಈಗ ನೋಡುವುದು ಹೇಗೆ ಎಂಬ ಪ್ರಶ್ನೆ ಬಂತು. ಉತ್ತರ ಇರಲಿಲ್ಲ.

ನ್ಯಾಯಮಂಡಳಿ, ಹೈಕೋರ್ಟು ಮಾಡುವುದು ನ್ಯಾಯಾಂಗ ವಿಮರ್ಶೆ, ಅದು ಮೇಲ್ಮನವಿಯಲ್ಲ. ನೀವು ತಪ್ಪು ಮಾಡಿದಿರೋ ಇಲ್ಲವೋ ಎಂದು ಅಲ್ಲಿ ಸಾಕ್ಷ್ಯವನ್ನು ಮತ್ತೆ ತೂಗುವುದಿಲ್ಲ. ವಿಚಾರಣೆ ಕ್ರಮಬದ್ಧವಾಗಿ ನಡೆಯಿತೇ, ತೀರ್ಮಾನಕ್ಕೆ ಒಂದಿಷ್ಟಾದರೂ ಸಾಕ್ಷ್ಯವಿದೆಯೇ ಎಂದು ನೋಡುತ್ತಾರೆ. ಶಿಕ್ಷೆ ಮನಸ್ಸಾಕ್ಷಿಯನ್ನೇ ಬೆಚ್ಚಿಬೀಳಿಸುವಷ್ಟು ವಿಪರೀತವಾಗಿದ್ದರೆ ಮಾತ್ರ ಅದಕ್ಕೆ ಕೈ ಹಾಕುತ್ತಾರೆ, ಅದೂ ಸಾಮಾನ್ಯವಾಗಿ ಮರುಪರಿಶೀಲಿಸಿ ಎಂದು ಇಲಾಖೆಗೇ ಹಿಂದಿರುಗಿಸುತ್ತಾರೆ. 1995ರ ಚತುರ್ವೇದಿ ಪ್ರಕರಣದಿಂದ ಈಚೆಗೆ ಪ್ರತಿ ತೀರ್ಪಿನಲ್ಲೂ ಇದೇ ರಾಗ. ನನ್ನದು ಬೆಚ್ಚಿಬೀಳಿಸಲಿಲ್ಲವಂತೆ. ಬೆಚ್ಚಿದವನು ನಾನೊಬ್ಬನೇ.

ಹಾಗಾಗಿ ಹೈಕೋರ್ಟಿನ ಯೋಚನೆ ಬಿಡಿ. ವಕೀಲರ ಶುಲ್ಕವನ್ನು ಈಗಲೇ, ಈ ಉತ್ತರ ಬರೆಸುವುದಕ್ಕೇ ಖರ್ಚು ಮಾಡಿ. ವರದಿಯ ಒಂದೊಂದು ತೀರ್ಮಾನಕ್ಕೂ ಪ್ರತ್ಯೇಕ ಕಂಡಿಕೆ ಇರಲಿ. ಕೇಳಿಯೂ ಕೊಡದ ದಾಖಲೆ ಯಾವುದು, ಕರೆಯದ ಸಾಕ್ಷಿ ಯಾರು, ಎಲ್ಲ ಬರಲಿ. ಕ್ಷಮೆ, ದಯೆ, ಹೆಂಡತಿ ಮಕ್ಕಳು ಯಾವುದೂ ಬೇಡ. ಕೊಟ್ಟ ಗಡುವಿನೊಳಗೆ ಸಲ್ಲಿಸಿ, ನಿಮ್ಮ ಪ್ರತಿಯ ಮೇಲೆ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಟಪಾಲು ಗುಮಾಸ್ತರು ಊಟ ಮಾಡಿ ಬರುತ್ತೇನೆ ಎಂದರೆ ಅಲ್ಲೇ ಕುಳಿತಿರಿ.