ಕುಡಿಯದ ಬಾಟಲಿಗೂ ಬಿಲ್ ಬಂದಾಗ: ಮಿನಿಬಾರ್ ಕುರಿತು ಓದುಗರ ಪ್ರಶ್ನೆಗಳು

ಪ್ರಶ್ನೆ: ಕಳೆದ ತಿಂಗಳು ಮಗಳ ಮದುವೆಯ ಮಾತುಕತೆಗೆಂದು ಮುಂಬೈಗೆ ಹೋಗಿ, ದೊಡ್ಡ ಹೋಟೆಲೊಂದರಲ್ಲಿ ಎರಡು ರಾತ್ರಿ ತಂಗಿದ್ದೆವು. ಕೋಣೆಯ ಪುಟ್ಟ ಫ್ರಿಜ್‌ನಲ್ಲಿದ್ದ ಬಾಟಲಿಗಳನ್ನು ತೆಗೆದು ಮೇಜಿನ ಮೇಲಿಟ್ಟು, ಮನೆಯಿಂದ ತಂದ ಮೊಸರನ್ನದ ಡಬ್ಬಿಯನ್ನು ಅಲ್ಲಿಟ್ಟಿದ್ದೆವು. ಬೆಳಿಗ್ಗೆ ಎಲ್ಲವನ್ನೂ ಮೊದಲಿನಂತೆ ಜೋಡಿಸಿದೆವು. ಹೊರಡುವಾಗ ಬಿಲ್ಲಿನಲ್ಲಿ ಎರಡು ತಂಪು ಪಾನೀಯ, ಒಂದು ಗೋಡಂಬಿ ಪೊಟ್ಟಣ ಸೇರಿದ್ದವು. ನಾವು ಕುಡಿದಿದ್ದ ಒಂದು ಬಾಟಲಿ ನೀರಿಗೆ ಎಂಆರ್‌ಪಿಯ ನಾಲ್ಕು ಪಟ್ಟು ಬೆಲೆ ಹಾಕಿದ್ದರು. ರೈಲಿಗೆ ತಡವಾಗುತ್ತಿದ್ದುದರಿಂದ ಹಣ ಕೊಟ್ಟು ಬಂದೆವು. ಇದು ನ್ಯಾಯವೇ?
– ಹಾಸನದ ಓದುಗರು

ಉತ್ತರ: ಮೊಸರನ್ನದ ಡಬ್ಬಿಗೆ ಜಾಗ ಮಾಡಿಕೊಟ್ಟದ್ದೇ ಆ ಎರಡು ಪಾನೀಯಗಳ ಬಿಲ್ಲಿಗೆ ಕಾರಣವಾಗಿರುವ ಸಾಧ್ಯತೆ ಹೆಚ್ಚು. ಕೆಲವು ದೊಡ್ಡ ಹೋಟೆಲುಗಳ ಮಿನಿಬಾರಿನಲ್ಲಿ, ಅಂದರೆ ತಿಂಡಿ-ಪಾನೀಯಗಳನ್ನು ಮಾರಾಟಕ್ಕಿಟ್ಟ ಆ ಪುಟ್ಟ ಫ್ರಿಜ್‌ನಲ್ಲಿ, ಪ್ರತಿ ಬಾಟಲಿಯ ಜಾಗಕ್ಕೂ ಒಂದು ಸೆನ್ಸರ್ ಇರುತ್ತದೆ. ಬಾಟಲಿಯನ್ನು ತೆಗೆದು, ನಿಗದಿಯಾದಷ್ಟು ಸೆಕೆಂಡುಗಳೊಳಗೆ ಅದೇ ಜಾಗಕ್ಕೆ ಮರಳಿ ಇಡದಿದ್ದರೆ, ಅದು ಮಾರಾಟವಾಯಿತೆಂದು ಫ್ರಂಟ್ ಆಫೀಸಿನ ಕಂಪ್ಯೂಟರಿಗೆ ಸಂದೇಶ ಹೋಗಿಬಿಡುತ್ತದೆ. ಬೆಳಿಗ್ಗೆ ಮರಳಿ ಇಟ್ಟದ್ದು ಅದರ ಲೆಕ್ಕಕ್ಕೆ ಬರುವುದಿಲ್ಲ.

ಗೋಡಂಬಿಯ ಕಥೆ ಬೇರೆ ಇರಬಹುದು. ಹದಿನೆಂಟು ವರ್ಷ ಹೋಟೆಲಿನ ಹೌಸ್‌ಕೀಪಿಂಗ್ ವಿಭಾಗದಲ್ಲಿ ದುಡಿದ ನಾನು ಮಿನಿಬಾರ್ ನೋಡಿಕೊಳ್ಳುವ ಹುಡುಗರ ಕೆಲಸವನ್ನು ಹತ್ತಿರದಿಂದ ಕಂಡಿದ್ದೇನೆ. ಅವರು ಟ್ರಾಲಿ ತಳ್ಳಿಕೊಂಡು ಕೋಣೆಯಿಂದ ಕೋಣೆಗೆ ಹೋಗಿ, ಮಂಡಿಯೂರಿ ಕುಳಿತು, ಒಂದೊಂದು ಮುಚ್ಚಳವನ್ನೂ ಬೆರಳಿನಿಂದ ಮೆಲ್ಲನೆ ತಿರುಗಿಸಿ ಸೀಲ್ ಒಡೆದಿದೆಯೇ ಎಂದು ನೋಡಬೇಕು. ವೋಡ್ಕಾ ಕುಡಿದು ಅದರ ಬಾಟಲಿಗೆ ನೀರು ತುಂಬಿದವರನ್ನೂ, ವಿಸ್ಕಿಯ ಬಾಟಲಿಗೆ ಚಹಾದ ಡಿಕಾಕ್ಷನ್ ತುಂಬಿ ಇಟ್ಟವರನ್ನೂ ನಾನು ಬಲ್ಲೆ. ಒಬ್ಬರು ಬೆಳಗಿನ ಜಾವವೇ ಕೋಣೆ ಬಿಟ್ಟು, ತಪಾಸಣೆಗೆ ಸಮಯ ಸಿಗುವ ಮೊದಲೇ ಇನ್ನೊಬ್ಬರು ಅಲ್ಲಿಗೆ ಬಂದರೆ, ಹಿಂದಿನವರು ತಿಂದದ್ದು ಮುಂದಿನವರ ಲೆಕ್ಕಕ್ಕೆ ಬೀಳುತ್ತದೆ. ಅತಿಥಿ ಜಗಳವಾಡಿ ಹಣ ಕೊಡದೆ ಹೋದಾಗ ಆ ಮೊತ್ತವನ್ನು ಹುಡುಗನ ಸಂಬಳದಲ್ಲಿ ಹಿಡಿದದ್ದನ್ನು ಒಂದು ಹೋಟೆಲಿನಲ್ಲಿ ಕಣ್ಣಾರೆ ಕಂಡಿದ್ದೇನೆ. ಆ ಸಂಕಟ ಇಂದಿಗೂ ನನ್ನನ್ನು ಬಿಟ್ಟಿಲ್ಲ. ಆದುದರಿಂದ ಕೋಣೆ ಸೇರಿದ ಕೂಡಲೇ ಫ್ರಿಜ್ ತೆರೆದು, ದರಪಟ್ಟಿಯನ್ನು ಪಕ್ಕದಲ್ಲಿಟ್ಟು, ಮೊಬೈಲಿನಲ್ಲಿ ಒಂದು ಫೋಟೋ ತೆಗೆಯಿರಿ ಮತ್ತು ಏನಾದರೂ ಕಡಿಮೆಯಿದ್ದರೆ ಆಗಲೇ ಫ್ರಂಟ್ ಆಫೀಸಿಗೆ ತಿಳಿಸಿರಿ. ನಿಮ್ಮದೇ ಆಹಾರ ಇಡಬೇಕಿದ್ದರೆ ಮಿನಿಬಾರ್ ಖಾಲಿ ಮಾಡಿಕೊಡಿ ಎಂದು ಕೇಳಬಹುದು. ಇದಕ್ಕೆ ಸಂಕೋಚ ಬೇಡ.

ಹೊರಡುವಾಗ ಬಿಲ್ಲಿನಲ್ಲಿ ತಪ್ಪು ಕಂಡರೆ, ಹಣ ಕೊಡುವ ಮೊದಲೇ ಡ್ಯೂಟಿ ಮ್ಯಾನೇಜರನ್ನು ಕರೆಸಿ, ಕೋಣೆಗೆ ಜನ ಕಳಿಸಿ ನೋಡಲು ಹೇಳಿ. ನನ್ನ ಅನುಭವದಲ್ಲಿ ಬಹುತೇಕ ಹೋಟೆಲುಗಳು ಆ ಮೊತ್ತವನ್ನು ತೆಗೆದುಹಾಕುತ್ತವೆ. ನೀವು ಈಗಾಗಲೇ ಹಣ ಕೊಟ್ಟಿರುವುದರಿಂದ, ಬಿಲ್ಲಿನ ಪ್ರತಿಯೊಂದಿಗೆ ಹೋಟೆಲಿಗೆ ಇಮೇಲ್ ಬರೆಯಿರಿ. ಉತ್ತರ ಬಾರದಿದ್ದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿರಿ. ಗ್ರಾಹಕ ಸಂರಕ್ಷಣಾ ಕಾಯ್ದೆ 2019ರ ಪ್ರಕಾರ ನೀವು ವಾಸಿಸುವ ಜಿಲ್ಲೆಯ ಗ್ರಾಹಕ ಆಯೋಗದಲ್ಲಿಯೇ ದೂರು ಕೊಡಬಹುದು. ಹೋಟೆಲು ಮುಂಬೈಯಲ್ಲಿದ್ದರೂ ನೀವು ಹಾಸನ ಬಿಟ್ಟು ಹೋಗಬೇಕಾಗಿಲ್ಲ, ಮತ್ತು ಇಷ್ಟು ಸಣ್ಣ ಮೊತ್ತದ ದೂರಿಗೆ ಶುಲ್ಕವೂ ಇಲ್ಲ.

ನೀರಿನ ಬೆಲೆಯ ವಿಷಯದಲ್ಲಿ ಮಾತ್ರ ಕಾನೂನು ಹೋಟೆಲಿನ ಪರವಾಗಿದೆ. ಹೋಟೆಲು ಮತ್ತು ರೆಸ್ಟೊರೆಂಟುಗಳು ನೀರಿನ ಬಾಟಲಿಯನ್ನು ಎಂಆರ್‌ಪಿಗಿಂತ ಹೆಚ್ಚಿನ ಬೆಲೆಗೆ ಕೊಡಬಹುದು ಎಂದು ಸುಪ್ರೀಂ ಕೋರ್ಟ್ 2017ರ ಡಿಸೆಂಬರಿನಲ್ಲಿ ತೀರ್ಪಿತ್ತಿದೆ. ಅಂಗಡಿಯ ಮಾರಾಟಕ್ಕೂ, ಸೇವೆಯೊಂದಿಗೆ ಒದಗಿಸುವುದಕ್ಕೂ ವ್ಯತ್ಯಾಸವಿದೆ ಎಂಬುದು ಅದರ ಆಧಾರ. ಹಾಗಿದ್ದರೂ ಬೆಲೆ ಮೊದಲೇ ಕಣ್ಣಿಗೆ ಬೀಳುವಂತಿರಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ. ನಮ್ಮ ರಾಜ್ಯದ ಹೋಟೆಲುಗಳಾದರೂ ಆ ದರಪಟ್ಟಿಯನ್ನು ಕನ್ನಡದಲ್ಲಿಯೂ ಅಚ್ಚು ಹಾಕಿಸಬೇಕು. ಓದಲಾಗದ ಪಟ್ಟಿಯನ್ನು ಒಪ್ಪಿದಂತಾಯಿತು ಎನ್ನುವುದು ಯಾವ ನ್ಯಾಯ?

ಪ್ರಶ್ನೆ: ಈಚೆಗೆ ನಾನು ಹೋದ ಹೋಟೆಲುಗಳಲ್ಲಿ ಮಿನಿಬಾರ್ ಖಾಲಿ ಇರುತ್ತದೆ. ಈ ಪದ್ಧತಿ ಹೇಗೆ ಬಂತು, ಏಕೆ ಹೋಗುತ್ತಿದೆ?
– ಧಾರವಾಡದ ಓದುಗರು

ಉತ್ತರ: ಕೋಣೆಯಲ್ಲಿ ಪುಟ್ಟ ಫ್ರಿಜ್ ಇಡುವುದು 1960ರ ದಶಕದಲ್ಲೇ ಆರಂಭವಾಗಿತ್ತಾದರೂ, ಅದು ಲೋಕಪ್ರಿಯವಾದದ್ದು 1974ರಲ್ಲಿ. ಆ ವರ್ಷ ಹಾಂಗ್‌ಕಾಂಗ್‌ನ ಹಿಲ್ಟನ್ ಹೋಟೆಲು ತನ್ನ ಕೋಣೆಗಳ ಫ್ರಿಜ್‌ಗಳಲ್ಲಿ ಮದ್ಯದ ಬಾಟಲಿಗಳನ್ನು ತುಂಬಿಸಿಟ್ಟಿತು. ಕೋಣೆಯೊಳಗಿನ ಪಾನೀಯಗಳ ಮಾರಾಟ ಹಲವು ಪಟ್ಟು ಏರಿತು. ಆದರೆ ತುಂಬಿಸಲು, ಎಣಿಸಲು, ಅವಧಿ ಮೀರಿದ್ದನ್ನು ತೆಗೆಯಲು ಆಳುಗಳು ಬೇಕು. ಬಿಲ್ಲಿನ ತಗಾದೆಗಳಲ್ಲಿ ಒಂದಷ್ಟು ಹಣ ಬಿಟ್ಟುಕೊಡಬೇಕು. ಅಮೆರಿಕದ ಹೋಟೆಲುಗಳಲ್ಲಿ 2007ರಿಂದ 2012ರ ನಡುವೆ ಮಿನಿಬಾರಿನ ಆದಾಯ ಶೇ 28ರಷ್ಟು ಕುಸಿಯಿತು. ನಮ್ಮಲ್ಲಿ ಈಗ ಮೊಬೈಲಿನಲ್ಲಿ ಒತ್ತಿದರೆ ಬೀದಿಯಂಗಡಿಯ ಬೆಲೆಗೇ ಎಲ್ಲವೂ ಹೋಟೆಲಿನ ಬಾಗಿಲಿಗೆ ಬರುತ್ತದೆ. ಪಾನನಿರೋಧವಿರುವ ಗುಜರಾತ್ ಮತ್ತು ಬಿಹಾರದಲ್ಲಿ ಮಿನಿಬಾರಿಗೆ ಮದ್ಯ ತುಂಬುವ ಮಾತೇ ಇಲ್ಲ.

ಪ್ರಶ್ನೆ: ನನ್ನ ತಾಯಿಗೆ 72 ವರ್ಷ, ಇನ್ಸುಲಿನ್ ತೆಗೆದುಕೊಳ್ಳುತ್ತಾರೆ. ಹದಿನೈದು ದಿನದ ಯಾತ್ರೆಯಲ್ಲಿ ಔಷಧವನ್ನು ಹೋಟೆಲಿನ ಮಿನಿಬಾರಿನಲ್ಲಿ ಇಡಬಹುದೇ?
– ಶಿವಮೊಗ್ಗದ ಓದುಗರು

ಉತ್ತರ: ದಯವಿಟ್ಟು ಅದನ್ನು ನಂಬಿ ಇಡಬೇಡಿ. ಮಲಗುವ ಕೋಣೆಯಲ್ಲಿ ಸದ್ದಾಗಬಾರದೆಂದು ಅನೇಕ ಮಿನಿಬಾರುಗಳಲ್ಲಿ ಮನೆಯ ಫ್ರಿಜ್‌ನಂತಹ ಕಂಪ್ರೆಸರ್ ಇರುವುದಿಲ್ಲ. 1922ರಲ್ಲಿ ಸ್ವೀಡನ್ನಿನ ಇಬ್ಬರು ವಿದ್ಯಾರ್ಥಿಗಳು, ಬಾಲ್ಟ್ಸಾರ್ ಫಾನ್ ಪ್ಲಾಟೆನ್ ಮತ್ತು ಕಾರ್ಲ್ ಮುಂಟರ್ಸ್, ರೂಪಿಸಿದ ವಿಧಾನದಲ್ಲಿ ಅಮೋನಿಯಾ, ನೀರು ಮತ್ತು ಹೈಡ್ರೋಜನ್ನನ್ನು ಬಳಸಿ, ಸಣ್ಣದೊಂದು ಹೀಟರಿನ ಶಾಖದಿಂದಲೇ ಅವು ತಂಪು ಮಾಡುತ್ತವೆ. ಸದ್ದಿಲ್ಲ ನಿಜ, ಆದರೆ ತಂಪಾಗುವುದು ನಿಧಾನ, ಮತ್ತು ಕೋಣೆ ಬಿಸಿಯಾಗಿದ್ದರೆ ಒಳಗೂ ಸಾಕಷ್ಟು ತಂಪು ನಿಲ್ಲುವುದಿಲ್ಲ. ತೆರೆಯದ ಇನ್ಸುಲಿನ್‌ಗೆ 2ರಿಂದ 8 ಡಿಗ್ರಿ ಸೆಲ್ಸಿಯಸ್ ಬೇಕು. ಇದರ ಮೇಲೆ, ಕೆಲವು ಹೋಟೆಲುಗಳಲ್ಲಿ ನೀವು ಕೀ ಕಾರ್ಡ್ ತೆಗೆದುಕೊಂಡು ದೇವಸ್ಥಾನಕ್ಕೆ ಹೊರಟ ಕೂಡಲೇ ಫ್ರಿಜ್‌ನ ವಿದ್ಯುತ್ತೂ ನಿಂತುಹೋಗುತ್ತದೆ.

ಈಗ ಬಳಕೆಯಲ್ಲಿರುವ ಪೆನ್ ಅಥವಾ ಬಾಟಲಿಗೆ ಫ್ರಿಜ್ ಬೇಕಾಗಿಲ್ಲ; ಬಹುತೇಕ ಇನ್ಸುಲಿನ್‌ಗಳನ್ನು ಬಿಸಿಲಿಗೆ ಬೀಳದಂತೆ, 25ರಿಂದ 30 ಡಿಗ್ರಿಯೊಳಗೆ, ಸುಮಾರು ನಾಲ್ಕು ವಾರ ಬಳಸಬಹುದು. ನಿಮ್ಮ ತಾಯಿಯವರ ಔಷಧದ ಮಿತಿಯನ್ನು ಅದರ ಜೊತೆಗಿರುವ ಚೀಟಿಯಲ್ಲಿ ನೋಡಿ, ವೈದ್ಯರನ್ನೂ ಒಮ್ಮೆ ಕೇಳಿ. ಉಳಿದದ್ದನ್ನು ಗಾಳಿಯಾಡದ ಡಬ್ಬಿಯಲ್ಲಿ ಹಾಕಿ, ಹೆಸರು ಮತ್ತು ಕೋಣೆಯ ಸಂಖ್ಯೆ ಬರೆದು, ಅಡುಗೆಮನೆಯ ಫ್ರಿಜ್‌ನಲ್ಲಿ ಇಡಲು ಫ್ರಂಟ್ ಆಫೀಸಿನಲ್ಲಿ ಕೇಳಿಕೊಳ್ಳಿ; ಫ್ರೀಜರಿಗೆ ಹಾಕಬಾರದೆಂದು ಡಬ್ಬಿಯ ಮೇಲೆ ದಪ್ಪಕ್ಷರದಲ್ಲಿ ಬರೆಯಿರಿ, ಏಕೆಂದರೆ ಒಮ್ಮೆ ಹೆಪ್ಪುಗಟ್ಟಿದ ಇನ್ಸುಲಿನ್ ಕರಗಿದ ಮೇಲೂ ಬಳಸಲು ಯೋಗ್ಯವಲ್ಲ.