2004ರ ಪಾಕ್ ಸರಣಿ ತಿರುಗಿದ್ದು ಲಾಹೋರಿನಲ್ಲಿ

'2004ರ ಪಾಕಿಸ್ತಾನ ಪ್ರವಾಸದ ಏಕದಿನ ಸರಣಿ ಕರಾಚಿಯಲ್ಲೇ ನಮ್ಮ ಕೈಗೆ ಬಂತಲ್ವಾ?' ಅಂತ ಕೇಳಿದ್ದೀರಿ. ಇಲ್ಲ ಸರ್. ಕರಾಚಿ ರೋಚಕ, ನಿಜ. ನಮ್ಮ 349ಕ್ಕೆ ಅವರು 344. ಕೊನೆಯ ಓವರಿನಲ್ಲಿ 9 ರನ್ ಬೇಕಿದ್ದಾಗ ನೆಹ್ರಾ ಕೊಟ್ಟಿದ್ದು ಮೂರೇ. ನಮ್ಮವರೇ ಆದ ಬದಾನಿಗೆ ಡಿಕ್ಕಿ ಹೊಡೆಯೋದೊಂದು ಬಾಕಿ ಅನ್ನುವಂತೆ ನುಗ್ಗಿ ಕೈಫ್ ಹಿಡಿದ ಕ್ಯಾಚ್ ಇವತ್ತಿಗೂ ಮೈ ಜುಮ್ ಅನ್ನಿಸುತ್ತೆ. ಆದರೆ ಆಮೇಲೆ ರಾವಲ್ಪಿಂಡಿ, ಪೇಶಾವರ ಎರಡೂ ಸೋತ್ವಿ. ರಾವಲ್ಪಿಂಡಿಯಲ್ಲಂತೂ ಸಚಿನ್ 141 ಹೊಡೆದರೂ ಪ್ರಯೋಜನವಾಗಲಿಲ್ಲ.

ನನ್ನ ಪ್ರಕಾರ ಸರಣಿ ತಿರುಗಿದ್ದು ಲಾಹೋರಿನ ನಾಲ್ಕನೇ ಪಂದ್ಯದಲ್ಲಿ. ಗುರಿ 294, ಸ್ಕೋರು 162ಕ್ಕೆ 5. ಅಲ್ಲಿಂದ ನಮ್ಮ ದ್ರಾವಿಡ್ 76, ಕೈಫ್ 71, ಇಬ್ಬರೂ ಔಟಾಗದೆ ಮುಗಿಸಿದರು. ಸಿಕ್ಸರ್ ಸುರಿಮಳೆ ಇಲ್ಲ, ಒಂದೆರಡು ರನ್ ಓಡುತ್ತಾ ಕಟ್ಟಿದ ಆಟ. ಅದಕ್ಕೇ ಯಾರಿಗೂ ನೆನಪಿಲ್ಲ ಅನ್ಸುತ್ತೆ! ಐದನೆಯದರಲ್ಲಿ ಲಕ್ಷ್ಮಣ್ 107, ಸರಣಿ 3-2ರಿಂದ ನಮ್ಮದಾಯ್ತು.